4 ವರ್ಷದ ಮಗ ತಾಯಿ ಹತ್ರ ಇದ್ದಾನೆ, ಕೋರ್ಟು ನನಗೆ ಕೊಡುತ್ತಾ?

ಹೆಂಡತಿ ಚಿತ್ರದುರ್ಗದ ತವರಿಗೆ ಹೋಗಿ ವರ್ಷವಾಯ್ತು, 4 ವರ್ಷದ ಮಗ ಅಲ್ಲೇ ಎಲ್‌ಕೆಜಿ ಸೇರಿದ್ದಾನೆ, ಸಂಬಳ ನನಗೇ ಜಾಸ್ತಿ, ದಾವಣಗೆರೆಯಲ್ಲಿ ಕೇಸ್ ಹಾಕಿದರೆ ಮಗ ಸಿಗುತ್ತಾನಾ ಅಂತ ಕೇಳಿದ್ದೀರಿ. ಅಣ್ಣಾ, ಮಗಳಿಗಾಗಿ ನಾನೂ ಇದೇ ಎರಡು ಊರಿನ ನಡುವೆ ಮೂರು ವರ್ಷ ಬಸ್ಸಲ್ಲಿ ಓಡಾಡಿದವನು.

ಕೇಸ್ ದಾವಣಗೆರೆಯಲ್ಲಿ ಹಾಕಬೇಡಿ. 1890ರ ಗಾರ್ಡಿಯನ್ಸ್ ಅಂಡ್ ವಾರ್ಡ್ಸ್ ಕಾಯ್ದೆಯಲ್ಲಿ ಮಗು ಎಲ್ಲಿ ವಾಸ ಇದೆಯೋ ಆ ಊರಿನ ಕೋರ್ಟಿಗೇ ಅರ್ಜಿ ಹಾಕಬೇಕು. ನನಗೆ ಇದು ತಡವಾಗಿ ಗೊತ್ತಾಗಿ ಎಂಟು ತಿಂಗಳು ಸುಮ್ನೆ ಹೋಯ್ತು.

ಇನ್ನು ವಯಸ್ಸು. ಹಿಂದೂಗಳಿಗೆ ಅನ್ವಯಿಸುವ 1956ರ ಕಾಯ್ದೆಯಲ್ಲಿ 5 ವರ್ಷ ತುಂಬದ ಮಗು ಸಾಮಾನ್ಯವಾಗಿ ತಾಯಿ ಹತ್ರ ಇರಬೇಕು ಅಂತಿದೆ. 5 ತುಂಬಿದ ಮಾರನೇ ದಿನ ಅಪ್ಪನಿಗೆ ಕೊಡ್ತಾರೆ ಅಂತಲ್ಲ. ಆಮೇಲೂ ನೋಡೋದು ಮಗುವಿನ ಹಿತವನ್ನೇ. ಸಂಬಳ ಜಾಸ್ತಿ ಇದ್ದರೆ ಜೀವನಾಂಶ ಕೊಡಿ ಅಂತಾರೆ, ಅಷ್ಟರಿಂದಲೇ ಮಗು ಸಿಗಲ್ಲ.

ನಾನು ಮಾಡಿದ ತಪ್ಪು ನೀವು ಮಾಡಬೇಡಿ. ಹೆಂಡತಿಯ ತಪ್ಪುಗಳನ್ನೆಲ್ಲ ಒಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡು ಹೋಗಿದ್ದೆ. ಜಡ್ಜ್ ಮೇಡಂ ಅದನ್ನು ಕೇಳಲೇ ಇಲ್ಲ. 'ಮಗಳಿಗೆ ಹುಷಾರಿಲ್ಲದಾಗ ಡಾಕ್ಟರ ಹತ್ರ ಯಾರು ಕರ್ಕೊಂಡು ಹೋಗ್ತಿದ್ರಿ? ಅವಳ ಟೀಚರ್ ಹೆಸರೇನು?' ಅಂದರು. ನನ್ನ ಹತ್ರ ಉತ್ತರ ಇರಲಿಲ್ಲ. ಹೊರಗೆ ಬಂದು ಬೆಂಚಿನ ಮೇಲೆ ಕೂತು ಅತ್ತುಬಿಟ್ಟೆ. ಗಂಡ ಹೆಂಡತಿಯಲ್ಲಿ ಯಾರು ಸರಿ ಅನ್ನೋದು ಅಲ್ಲಿ ಮುಖ್ಯ ಅಲ್ಲ, ಮಗು ಬೆಳಗ್ಗೆ ಎದ್ದಾಗಿನಿಂದ ರಾತ್ರಿ ಮಲಗೋವರೆಗೆ ಯಾರ ಕೈಯಲ್ಲಿ ನೆಮ್ಮದಿಯಾಗಿರುತ್ತೆ ಅನ್ನೋದನ್ನ ನೋಡ್ತಾರೆ.

ಹಾಗಾಗಿ ಕಸ್ಟಡಿ ಕೇಸ್, ಅಂದ್ರೆ ಮಗು ಯಾರ ಹತ್ರ ಇರಬೇಕು ಅನ್ನೋ ಕೇಸ್, ಮುಗಿಯೋವರೆಗೆ ಕಾಯಬೇಡಿ, ಭೇಟಿಗೆ ಅಂತ ಮಧ್ಯಂತರ ಅರ್ಜಿ ಈಗಲೇ ಹಾಕಿಸಿ. ಮಗುವಿಗೆ ಅಪ್ಪ ಅಮ್ಮ ಇಬ್ಬರ ಪ್ರೀತಿಯೂ ಸಿಗಬೇಕು, ಅದು ಮಗುವಿನ ಹಕ್ಕು ಅಂತ 2020ರಲ್ಲಿ ಯಶಿತಾ ಸಾಹು ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ದೂರ ಇರುವವರಿಗೆ ವಿಡಿಯೋ ಕಾಲ್ ವಿಷಯವೂ ಅದರಲ್ಲಿದೆ, ವಕೀಲರಿಗೆ ತೋರಿಸಿ.

ನನಗೆ ಮೊದಲು ಸಿಕ್ಕಿದ್ದು ತಿಂಗಳಿಗೆ ಎರಡು ಶನಿವಾರ, ಎರಡೆರಡು ಗಂಟೆ, ಅದೂ ಕೋರ್ಟಿನ ಒಂದು ಕೋಣೆಯಲ್ಲಿ. ಮೊದಲ ದಿನ ಮಗಳು ಅಮ್ಮನ ಸೆರಗು ಬಿಡಲೇ ಇಲ್ಲ. ಗೊಂಬೆ ತಂದಿದ್ದೆ, ಮುಟ್ಟಲಿಲ್ಲ. ಮೂರನೇ ಸಲ ಕಾಗದದ ಪೊಟ್ಟಣದಲ್ಲಿ ಮಂಡಕ್ಕಿ ಒಯ್ದೆ. ಒಂದೊಂದೇ ಕಾಳು ಆರಿಸಿ ತಿಂತಾ ತಿಂತಾ, ಸೆರಗು ಬಿಟ್ಟು ನನ್ನ ಪಕ್ಕ ಬಂದು ಕೂತಳು. ಒಂದು ಶನಿವಾರವೂ ತಪ್ಪಿಸಲಿಲ್ಲ, ಜೀವನಾಂಶವೂ ನಿಲ್ಲಿಸಲಿಲ್ಲ. ಭೇಟಿ ಕೊಡಲಿಲ್ಲ ಅಂತ ನೀವೂ ನಿಲ್ಲಿಸಬೇಡಿ, ಅದು ಮಗುವಿನ ಊಟದ ದುಡ್ಡು.

ಕಸ್ಟಡಿ ಆದೇಶ ಶಾಶ್ವತ ಅಲ್ಲ, ಪರಿಸ್ಥಿತಿ ಬದಲಾದರೆ ಮತ್ತೆ ಕೇಳಬಹುದು. ನನಗೆ ಈಗ ಬೇಸಿಗೆ ರಜೆಯಲ್ಲಿ 15 ದಿನ ಸಿಗುತ್ತೆ. ಮಗುವಿಗೆ ತಿಳುವಳಿಕೆ ಬಂದಾಗ ಜಡ್ಜ್ ಅದನ್ನೇ ಒಳಗೆ ಕರೆದು ಮಾತಾಡಿಸಬಹುದು. ದಯವಿಟ್ಟು ಆಗ ಏನೂ ಹೇಳಿಕೊಟ್ಟು ಕಳಿಸಬೇಡಿ.

ಈ ವಾರ ಮಗನ ಶಾಲೆಗೆ ಒಂದು ಫೋನ್ ಮಾಡಿ, ಟೀಚರ್ ಜೊತೆ ಮಾತಾಡಿ.