ಓದುಗರ ಪ್ರಶ್ನೆ: ಬರವಣಿಗೆ ಕೈಬಿಟ್ಟಿತೇ?

ಪ್ರಶ್ನೆ: ವಾರಪತ್ರಿಕೆಯ ವರದಿಗಾರರಾಗಿದ್ದ ನೀವು ಟಿವಿ ಕಾರ್ಯಕ್ರಮ ನಿರ್ಮಾಣಕ್ಕೆ ಹೋದಿರಿ. ಬರವಣಿಗೆ ಕೈಬಿಟ್ಟುಹೋಗಲಿಲ್ಲವೇ?
– ಓದುಗರೊಬ್ಬರು, ಮಾಲೂರು

ಉತ್ತರ: ಬರವಣಿಗೆ ಇದೆ, ವಿಶೇಷಣಗಳು ಉದುರಿಹೋಗಿವೆ. ಕೋಲಾರದ ಎಪಿಎಂಸಿಯಲ್ಲಿ ಟೊಮೆಟೊ ಬೆಲೆ ನೆಲಕಚ್ಚಿದರೆ, ಪತ್ರಿಕೆಯವರು ಬೆಂಗಳೂರಿನಲ್ಲೇ ಕುಳಿತು ಫೋನಿನಲ್ಲಿ ವಿಚಾರಿಸಿ ಎರಡು ಪುಟ ತುಂಬಿಸಬಹುದು. (ತುಂಬಿಸುವವರೂ ಇದ್ದಾರೆ ಬಿಡಿ!) ಕ್ಯಾಮೆರಾಗೆ ಆ ಭಾಗ್ಯವಿಲ್ಲ. ಹರಾಜಿನ ಹೊತ್ತಿಗೆ ಮಂಡಿಯಲ್ಲಿ ಇರಲೇಬೇಕು. ಹರಾಜು ಕೂಗುವವನ ದನಿ, ಕ್ರೇಟ್ ಇಳಿಸುವ ಸದ್ದು, ಚೀಟಿಯಲ್ಲಿನ ದರ ನೋಡುತ್ತಿರುವ ರೈತನ ಮುಖ, ಎಲ್ಲವೂ ಬೇಕು. ಆ ಮುಖ ಪರದೆಯ ಮೇಲಿರುವಾಗ ‘ರೈತ ಕಂಗಾಲಾದ’ ಎಂದು ಬರೆದುಕೊಟ್ಟರೆ ಸಂಕಲನಕಾರ ನಗುತ್ತಾನೆ. ‘ಗಾಡಿ ಬಾಡಿಗೆಯೂ ಹುಟ್ಟಲಿಲ್ಲ’ ಎಂದಷ್ಟೇ ಬರೆಯುತ್ತೇನೆ.