ಸ್ಟೊರಾರೋ ಬಣ್ಣ ಎಡಿಟಿಂಗಲ್ಲಿ ಬರುತ್ತಾ?

ಪ್ರಶ್ನೆ: ಸರ್, ‘ದಿ ಲಾಸ್ಟ್ ಎಂಪರರ್’ ನೋಡ್ದೆ. ಒಂದ್ ಕಡೆ ಕೆಂಪು, ಒಂದ್ ಕಡೆ ಹಳದಿ, ಜೈಲ್ ಸೀನ್‌ಗಳಲ್ಲಿ ಬಣ್ಣಾನೇ ಇಲ್ಲ. ನಾವು ಫ್ರೆಂಡ್ಸ್ ಸೇರಿ ಶಾರ್ಟ್ ಫಿಲಂ ಮಾಡ್ತಿದೀವಿ, ಎಡಿಟಿಂಗಲ್ಲಿ ಫಿಲ್ಟರ್ ಹಾಕಿದ್ರೆ ಆ ಲುಕ್ ಬರುತ್ತಾ? ಇದರ ಕ್ಯಾಮೆರಾಮನ್ ಯಾರು?

ಉತ್ತರ: ವಿಟ್ಟೋರಿಯೋ ಸ್ಟೊರಾರೋ. 1940ರಲ್ಲಿ ರೋಮ್‌ನಲ್ಲಿ ಹುಟ್ಟಿದವರು, ಅಪ್ಪ ಪ್ರೊಜೆಕ್ಟರ್ ಓಡಿಸ್ತಿದ್ರು. ‘ಅಪಾಕಲಿಪ್ಸ್ ನೌ’, ‘ರೆಡ್ಸ್’, ನೀವು ನೋಡಿದ್ದು, ಹೀಗೆ ಮೂರು ಆಸ್ಕರ್.

ಫಿಲ್ಟರ್ ವಿಷ್ಯಕ್ಕೆ ಬರೋಣ. ಬರಲ್ಲ ಮಾರಾಯ್ರೆ. ಆ ಸಿನಿಮಾ ಚೀನಾದ ಕೊನೇ ಚಕ್ರವರ್ತಿಯದು, ಅದರಲ್ಲಿ ಬಣ್ಣ ಕಥೆ ಜೊತೆಗೇ ನಡೀತದೆ. ಶುರುವಲ್ಲೇ ಅವನು ಮಣಿಕಟ್ಟು ಕೊಯ್ಕೊಂಡ ರಕ್ತದ ಕೆಂಪು, ಅಲ್ಲಿಂದ ನೆನಪು ಶುರು. ಹಳದಿ ಅಂದ್ರೆ ಚಕ್ರವರ್ತಿ, ತಮ್ಮನೂ ಹಳದಿ ಬಟ್ಟೆ ಹಾಕಿದ್ದಕ್ಕೇ ಹುಡುಗ ಚಕ್ರವರ್ತಿಗೆ ಸಿಟ್ಟು ಬರುತ್ತಲ್ಲ. ಇಂಗ್ಲಿಷ್ ಮೇಷ್ಟ್ರು, ಸೈಕಲ್ಲು ಬಂದ್ಮೇಲೆ ಹಸಿರು, ಅಂದ್ರೆ ಓದು, ಹೊರಗಿನ ಗಾಳಿ. ಸೆಟ್ಟು, ಬಟ್ಟೆ, ಲೈಟು ಮೂರೂ ಮೊದಲೇ ಮಾತಾಡ್ಕೊಂಡಿರ್ಬೇಕು, ಕೊನೇಲಿ ಬಳಿಯೋ ಸುಣ್ಣ ಅಲ್ಲ ಇದು.

ಹಾಗಂತ ಲ್ಯಾಬ್ ಕೆಲಸವೇ ಇಲ್ಲ ಅಂತಲ್ಲ. ‘ರೆಡ್ಸ್’ಗೆ ರೋಮ್‌ನ ಟೆಕ್ನಿಕಲರ್ ಲ್ಯಾಬಲ್ಲಿ ಇಎನ್‌ಆರ್ ಅನ್ನೋ ಪ್ರೋಸೆಸ್ ಮಾಡಿದ್ರು, ಪ್ರಿಂಟ್ ತೊಳೆಯುವಾಗ ಬ್ಲ್ಯಾಕ್ ಅಂಡ್ ವೈಟ್ ಡೆವಲಪರ್ ಅನ್ನೋ ರಾಸಾಯನಿಕದಲ್ಲೂ ಅದ್ದಿದ್ರೆ ಒಂದಿಷ್ಟು ಬೆಳ್ಳಿ ಫಿಲಂನಲ್ಲೇ ಉಳೀತದೆ, ಕಪ್ಪು ಗಟ್ಟಿಯಾಗುತ್ತೆ, ಬಣ್ಣ ಸ್ವಲ್ಪ ಮಾಸುತ್ತೆ. ನನ್ನ ಕೇಳಿದ್ರೆ ಅವ್ರ ನಿಜವಾದ ಕಸುಬು ಬಣ್ಣಕ್ಕಿಂತ ಈ ಕಪ್ಪಲ್ಲೇ ಇದೆ. ‘ಅಪಾಕಲಿಪ್ಸ್ ನೌ’ನಲ್ಲಿ ನಟ ಬ್ರ್ಯಾಂಡೋ ತುಂಬಾ ದಪ್ಪ ಆಗಿ ಬಂದಿದ್ರು, ನೆರಳಲ್ಲಿಟ್ಟಿದ್ದಕ್ಕೆ ಅದೂ ಒಂದು ಕಾರಣ, ಆದ್ರೆ ಕತ್ತಲಿಂದ ಬರೀ ಬೋಳು ತಲೆ ಮೇಲೇಳುತ್ತಲ್ಲ, ಅದನ್ನ ನೋಡಿದ್ಮೇಲೆ ದಪ್ಪ ಯಾರಿಗೆ ನೆನಪಿರುತ್ತೆ!

ನೀವು ನೋಡ್ಬೇಕಾಗಿರೋದು 1970ರ ‘ದಿ ಕನ್‌ಫಾರ್ಮಿಸ್ಟ್’. ಇದೂ ‘ದಿ ಲಾಸ್ಟ್ ಎಂಪರರ್’ ಡೈರೆಕ್ಟರ್ ಬೆರ್ಟೊಲುಚ್ಚಿದೇ, ಶೂಟಿಂಗ್ ಟೈಮಲ್ಲಿ ಸ್ಟೊರಾರೋಗೆ ಇನ್ನೂ 30 ದಾಟಿರ್ಲಿಲ್ಲ. ಮದುವೆ ಆಗೋ ಹುಡುಗಿ ಮನೇಲಿ ಬ್ಲೈಂಡ್ಸ್ ಸಂದಿಯಿಂದ ಬಿಸಿಲು ಪಟ್ಟೆ ಪಟ್ಟೆಯಾಗಿ ಬೀಳ್ತದೆ, ಅವಳ ಬಟ್ಟೇನೂ ಪಟ್ಟೆ, ಸರಳಿನ ಹಿಂದೆ ನಿಂತಂಗೇ ಇದೆ. ಆಮೇಲೆ ಪ್ಯಾರಿಸ್‌ನಲ್ಲಿ ಹಳೇ ಪ್ರೊಫೆಸರ್ ರೂಮು. ಹೀರೋ ಒಂದು ಕಿಟಕಿ ಮುಚ್ತಾನೆ, ರೂಮೆಲ್ಲ ಕತ್ತಲು, ಗೋಡೆ ಮೇಲೆ ಅವನ ನೆರಳು, ಮಾತು ಪ್ಲೇಟೋನ ಗುಹೆ ಬಗ್ಗೆ, ಅಂದ್ರೆ ಗುಹೇಲಿ ಕಟ್ಟಿಹಾಕಿದೋರು ಗೋಡೆ ಮೇಲಿನ ನೆರಳನ್ನೇ ನಿಜ ಅನ್ಕೊಳ್ಳೋ ಕಥೆ. ಪ್ರೊಫೆಸರ್ ಎದ್ದು ಇನ್ನೊಂದು ಕಿಟಕಿ ತೆಗೀತಾರೆ, ನೆರಳು ಮಾಯ! ಫ್ಯಾಸಿಸ್ಟ್ ಸರ್ಕಾರಕ್ಕೆ ಕೆಲಸ ಮಾಡೋ ಇವನು ಎಷ್ಟು ಟೊಳ್ಳು ಅಂತ ಡೈಲಾಗಲ್ಲಿ ಹೇಳೋ ಅಗತ್ಯಾನೇ ಬೀಳಲ್ಲ.

ಹಳೇ ಕಾಲದ ಫಿಲಂ ಮೇಷ್ಟ್ರು ಅನ್ಕೋಬೇಡಿ, 2016ರ ‘ಕೆಫೆ ಸೊಸೈಟಿ’ನ ಡಿಜಿಟಲ್‌ನಲ್ಲೇ ತೆಗೆದ್ರು. ಹಾಗಾಗಿ ಫೋನಲ್ಲಿ ಶೂಟ್ ಮಾಡೋದು ತಪ್ಪೇನಲ್ಲ. ಫೋನು ತಾನೇ ಬೆಳಕು ಹೆಚ್ಚು ಕಮ್ಮಿ ಮಾಡದಂಗೆ ಎಕ್ಸ್‌ಪೋಶರ್ ಲಾಕ್ ಮಾಡಿ, ಟ್ಯೂಬ್‌ಲೈಟ್ ಆರಿಸಿ, ಒಂದೇ ಒಂದು ಕಿಟಕಿ ತೆಗೆದಿಟ್ಟು ನಿಮ್ಮ ನಟನ್ನ ಪಕ್ಕದಲ್ಲಿ ನಿಲ್ಸಿ. ಅರ್ಧ ಮುಖ ಕತ್ತಲಲ್ಲಿ ಹೋಯ್ತು ಅಂತ ಗಾಬರಿಯಾಗಿ ಮತ್ತೆ ಲೈಟ್ ಹಾಕ್ಬೇಡಿ ಅಷ್ಟೆ.