ಮಗಳಿಗೆ ನೇಮಾ ಅಂತ ಹೆಸರಿಡಬಹುದಾ?

ತಂಗಿ, ನೀನೂ ಮಗುವೂ ಆರಾಮವಾಗಿದ್ದೀರಿ ಅಂತ ಓದಿ ಸಮಾಧಾನವಾಯಿತು. ಟಾಂಜಾನಿಯಾದ ದಾರ್ ಎಸ್ ಸಲಾಂಗೆ ಬಂದು ವರ್ಷ ತುಂಬುವ ಮೊದಲೇ ಹೆರಿಗೆ, ಅದೂ ಅಮ್ಮ ಹತ್ತಿರ ಇಲ್ಲದೆ. ಎಷ್ಟು ಕಷ್ಟ ಅಂತ ಗೊತ್ತು. ನೀನು ಅಂತಲೇ ಬರೆಯುತ್ತೇನೆ, ನನ್ನ ಕೊನೆಯ ತಂಗಿಗಿಂತಲೂ ಚಿಕ್ಕವಳು ನೀನು.

ಮನೆ ಎಲ್ಲಿ ನೋಡೋದು, ನಮ್ಮ ಅಡುಗೆಗೆ ಸಾಮಾನು ಸಿಗುತ್ತಾ, ಸ್ವಾಹಿಲಿ ಕಲಿಯಲೇಬೇಕಾ ಅಂತ ಕೇಳಿದ್ದೀಯ. ಕೊನೆಯಲ್ಲಿ ಮಗಳ ಹೆಸರಿನ ಪ್ರಶ್ನೆ. ಆಸ್ಪತ್ರೆಯಲ್ಲಿ ನೋಡಿಕೊಂಡ ನರ್ಸ್ ಒಂದು ಚೀಟಿಯಲ್ಲಿ ಹೆಸರು ಬರೆದುಕೊಟ್ಟರು, ನೀವಿಬ್ಬರೂ ಅದನ್ನು ನೀಮಾ ಅಂತ ಓದಿಕೊಂಡಿರಿ, ಇಷ್ಟವೂ ಆಯಿತು. ಕಾರ್ಕಳದಲ್ಲಿ ಅತ್ತೆ ಮಾತ್ರ "ಅದು ಯಾರ ಪೈಕಿಯ ಹೆಸರು? ಅನುರಾಧಾ ನಾಲ್ಕನೇ ಪಾದಕ್ಕೆ ನೆ ಅಕ್ಷರ ಬರಬೇಕು, ನೀ ಅಲ್ಲ" ಅಂದರು. ಅರ್ಥ ಏನು, ಎಲ್ಲಿಂದ ಬಂತು, ಇಡಬಹುದಾ ಅಂತ ನಿನ್ನ ಪ್ರಶ್ನೆ.

ಮೊದಲ ಮೂರನ್ನು ಬೇಗ ಮುಗಿಸುತ್ತೇನೆ. ಮನೆಯನ್ನು ಉಪಾಂಗಾ ಕಡೆ ನೋಡು, ಕಿಸುಟು ದೇವಸ್ಥಾನಗಳಿಗೂ ಅಂಗಡಿಗಳಿಗೂ ಹತ್ತಿರ. ಆರು ತಿಂಗಳ ಬಾಡಿಗೆ ಮುಂಗಡ ಕೇಳುವವರೇ ಜಾಸ್ತಿ, ಗಾಬರಿಯಾಗಬೇಡ. ಅಡುಗೆಗೆ ತೊಂದರೆ ಇಲ್ಲ. ಮ್ಚಿಚಾ ಅಂತ ಕೇಳಿದರೆ ಹರಿವೆ ಸೊಪ್ಪು ಕೊಡುತ್ತಾರೆ. ತೆಂಗಿನಕಾಯಿ ಬೇಕಾದಷ್ಟು. ಕಾಯಿ ಹೆರೆಯುವ ಮಣೆ ಕೂಡ ನಮ್ಮದರ ಹಾಗೇ, ಕುಳಿತು ಹೆರೆಯುವಂಥದ್ದು, ಇಲ್ಲಿ ಅದಕ್ಕೆ ಮ್ಬೂಝಿ ಅನ್ನುತ್ತಾರೆ, ಅಂದರೆ ಆಡು. ಸ್ವಾಹಿಲಿ ಕಲಿಯಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಕಾರಿಗೆ ಗಾರಿ, ವಿಮೆಗೆ ಬೀಮಾ, ಲಕ್ಷಕ್ಕೆ ಲಾಕಿ ಅನ್ನುವ ಭಾಷೆ ನಮಗೆ ಅಷ್ಟೇನೂ ದೂರದ್ದಲ್ಲ.

ಈಗ ಹೆಸರು. ಅದು ನೀಮಾ ಅಲ್ಲ. ಇಂಗ್ಲಿಷ್ ಅಕ್ಷರದಲ್ಲಿ ಎರಡು ಇ ನೋಡಿದ ಕೂಡಲೇ ನಾವು ನೀ ಅಂತ ಓದುತ್ತೇವೆ. ಸ್ವಾಹಿಲಿಯಲ್ಲಿ ಆ ಅಕ್ಷರಕ್ಕೆ ಯಾವಾಗಲೂ ಎ ಎಂಬ ಉಚ್ಚಾರವೇ, ಎರಡು ಬಂದರೆ ಎರಡನ್ನೂ ನುಡಿಯಬೇಕು. ನೆ-ಎ-ಮ. ಕೊನೆಯದಕ್ಕಿಂತ ಹಿಂದಿನದರ ಮೇಲೆ ಒತ್ತು. ಕನ್ನಡದಲ್ಲಿ ನೇಮಾ ಅಂತ ಬರೆದರೆ ತೀರಾ ಹತ್ತಿರ ಬರುತ್ತದೆ. ಅನುರಾಧಾ ನಕ್ಷತ್ರಕ್ಕೆ ನ, ನಿ, ನು, ನೆ. ನೀ ಅಂದರೆ ಎರಡನೇ ಪಾದ, ನಿನ್ನ ಅತ್ತೆ ಹೇಳಿದ್ದು ಸರಿ. ನೇಮಾ ಅಂದರೆ ನಾಲ್ಕನೆಯದೇ ಆಯಿತಲ್ಲ! ನಾಳೆ ಫೋನ್ ಮಾಡಿ ಇದನ್ನೇ ಮೊದಲು ಹೇಳು. ನೇಮ ಅಂದರೆ ಅವರು ಮೊದಲು ದೈವದ ನೇಮವನ್ನೇ, ಅಂದರೆ ನಮ್ಮ ತುಳುನಾಡಿನ ಭೂತಾರಾಧನೆಯನ್ನೇ ನೆನೆಯುತ್ತಾರೆ. ನೆನೆಯಲಿ ಬಿಡು, ಒಳ್ಳೆಯದೇ. ನಾನೂ ಬೆಳ್ತಂಗಡಿ ಕಡೆಯವಳು, ಆ ಶಬ್ದ ಕಿವಿಗೆ ಬಿದ್ದರೆ ಈಗಲೂ ಒಂದು ಕ್ಷಣ ಊರಿಗೆ ಹೋಗಿ ಬರುತ್ತೇನೆ.

ಸ್ವಾಹಿಲಿಯ ನೇಮಾಗೂ ನಮ್ಮ ನೇಮಕ್ಕೂ ಸಂಬಂಧವಿಲ್ಲ. ಇದರ ಮೂಲ ಅರಬ್ಬಿ. ದೇವರು ಕೊಟ್ಟ ಒಳ್ಳೆಯದು, ಅನುಗ್ರಹ ಅಂತ ಅರ್ಥ. ಮಾನ್ಸೂನ್ ಗಾಳಿ ಹಿಡಿದು ಓಮಾನ್, ಯೆಮೆನ್, ಗುಜರಾತಿನ ಹಡಗುಗಳು ನೂರಾರು ವರ್ಷ ಈ ಕರಾವಳಿಗೆ ಬಂದು ಹೋಗುತ್ತಿದ್ದವು. ಸ್ವಾಹಿಲಿ ಅನ್ನುವ ಹೆಸರೇ ಅರಬ್ಬಿಯಲ್ಲಿ ಕರಾವಳಿಗೆ ಹೇಳುವ ಮಾತಿನಿಂದ ಬಂದದ್ದು. ವ್ಯಾಕರಣ ಆಫ್ರಿಕಾದ ಬಾಂಟು ಭಾಷೆಗಳದ್ದು, ಪದಗಳಲ್ಲಿ ಮಾತ್ರ ಅರಬ್ಬಿ ತುಂಬಾ ಇದೆ. ಈ ಪದದ ನಡುವೆ ಅರಬ್ಬರು ಗಂಟಲಿನಿಂದ ಹೊರಡಿಸುವ ಒಂದು ಧ್ವನಿ ಇದೆ. ಅದು ಇಲ್ಲಿನವರ ಬಾಯಲ್ಲಿ ನಿಲ್ಲಲಿಲ್ಲ, ಆ ಜಾಗಕ್ಕೆ ಇನ್ನೊಂದು ಎ ಬಂದು ಕುಳಿತಿತು. ಹೀಗೇ ಫಾತಿಮಾ ಇಲ್ಲಿ ಫಾತುಮಾ ಆದಳು, ಝೈನಬ್ ಝೈನಬು ಆದಳು, ಮರಿಯಂ ಮರಿಯಾಮು ಆದಳು. ಪದದ ಕೊನೆಗೊಂದು ಸ್ವರ ಇರಲೇಬೇಕು. ಬಸ್ಸು, ಕಾರು, ಬ್ಯಾಂಕು ಅನ್ನುವ ನಮಗೆ ಇದು ಹೊಸದಲ್ಲ ಅಲ್ವಾ?

ಯಾರ ಪೈಕಿಯ ಹೆಸರು ಅಂತ ಅತ್ತೆ ಕೇಳಿದ್ದಕ್ಕೆ ಉತ್ತರ: ಎಲ್ಲರದ್ದೂ. ಮುಸ್ಲಿಮರ ಮನೆಯಲ್ಲೂ ನೇಮಾ ಇದ್ದಾಳೆ, ಕ್ರೈಸ್ತರ ಮನೆಯಲ್ಲೂ ಇದ್ದಾಳೆ. ಕ್ಯಾಥೊಲಿಕರು ಮೇರಿ ಮಾತೆಗೆ ಹೇಳುವ ಪ್ರಾರ್ಥನೆ ಇಲ್ಲಿ "ಸಲಾಮು ಮರಿಯಾ, ಉಮೆಜಾಅ ನೇಮಾ" ಅಂತ ಶುರುವಾಗುತ್ತದೆ, ಕೃಪೆ ತುಂಬಿದವಳೇ ಅಂತ. ದೇವರ ಮಾತು ಹಾಗಿರಲಿ, ಮಳೆ ಸರಿಯಾಗಿ ಬಂದು ಬೆಳೆ ಚೆನ್ನಾಗಿ ಆದ ವರ್ಷವನ್ನೂ ನೇಮಾದ ವರ್ಷ ಅನ್ನುತ್ತಾರೆ. ಸಮೃದ್ಧಿಯ ಕಾಲದಲ್ಲಿ ಹುಟ್ಟಿದವಳು ಅಂತ ಅರ್ಥ ಹೇಳುವವರೂ ಅದಕ್ಕೇ ಇದ್ದಾರೆ. ತುಂಬಿದ ಮನೆಗೆ ಹೆಣ್ಣು ಮಗು ಹುಟ್ಟಿದರೆ ನಮ್ಮಲ್ಲಿ ಲಕ್ಷ್ಮಿ ಬಂದಳು ಅನ್ನುವುದಿಲ್ಲವೇ? ಅತ್ತೆಗೆ ಹಾಗೇ ಹೇಳು.

ಇಲ್ಲಿ ಹೆಸರಿಡುವುದಕ್ಕೆ ಹುಟ್ಟಿದ ಹೊತ್ತು, ದಿನ, ಮನೆಯ ಸ್ಥಿತಿ ಎಲ್ಲವೂ ಲೆಕ್ಕಕ್ಕೆ ಬರುತ್ತವೆ. ರಾತ್ರಿ ಹುಟ್ಟಿದವಳು ಚೌಸಿಕು. ಶುಕ್ರವಾರದವಳು ಮ್ವಾಜುಮಾ, ಹುಡುಗನಾದರೆ ಜುಮಾ. ಗುರುವಾರದವನು ಖಾಮಿಸಿ. ಮೂರನೆಯವಳು ತಾತು. ಗೊತ್ತೇ ಇರಲಿಲ್ಲ ಅನ್ನುವಂತೆ ಬಂದವಳು ಸಿಕುಜುವಾ. ನಮ್ಮ ತುಳುನಾಡಲ್ಲೂ ಭಾನುವಾರದವನು ಐತ, ಶುಕ್ರವಾರದವನು ತುಕ್ರ, ಶನಿವಾರದವನು ತನಿಯ ಆಗುತ್ತಿದ್ದರು. ಈಗ ಊರಲ್ಲಿ ಆ ಹೆಸರುಗಳು ಕಡಿಮೆಯಾಗಿವೆ. ಇಲ್ಲಿ ಜುಮಾ, ಮ್ವಾಜುಮಾ ಇನ್ನೂ ಎಲ್ಲ ಕಡೆ ಸಿಗುತ್ತಾರೆ. ನನಗೆ ಅದು ಖುಷಿ.

ಹುಟ್ಟಿದಾಗ ಇಟ್ಟ ಹೆಸರೇ ಕೊನೆತನಕ ಇರಬೇಕು ಅಂತಲೂ ಇಲ್ಲ. ಝಾಂಝಿಬಾರಿನ ಹಾಡುಗಾರ್ತಿ ಸಿತಿ ಬಿಂತಿ ಸಾದ್ ಹೆಸರು ನೀನು ಇಲ್ಲಿ ಕೇಳೇ ಕೇಳುತ್ತೀಯ. 1880ರಲ್ಲಿ ಹುಟ್ಟಿದಾಗ ಆಕೆಗೆ ಇಟ್ಟ ಹೆಸರು ಮ್ತುಮ್ವಾ, ಅಂದರೆ ಗುಲಾಮಳು. ಝಾಂಝಿಬಾರಿನ ಗುಲಾಮರ ಸಂತೆ ಮುಚ್ಚಿ ಆಗಿನ್ನೂ ಏಳು ವರ್ಷ, ಗುಲಾಮಗಿರಿಯನ್ನು ಕಾನೂನಿನಿಂದ ತೆಗೆದದ್ದು 1897ರಲ್ಲಿ. ಆಕೆ ಹಾಡಿ ಹೆಸರು ಮಾಡಿದ ಮೇಲೆ ಜನ ಕರೆದದ್ದು ಸಿತಿ, ಅಂದರೆ ದೊಡ್ಡ ಮನೆಯ ಹೆಂಗಸು. 1928ರಲ್ಲಿ ನಮ್ಮ ಬೊಂಬಾಯಿಗೆ ಬಂದು ಸ್ವಾಹಿಲಿ ಹಾಡುಗಳನ್ನು ಗ್ರಾಮಾಫೋನ್ ತಟ್ಟೆಗೆ ಹಾಡಿದವಳು ಅವಳು. ಗುಲಾಮಳು ಅಂತ ಹೆಸರಿಟ್ಟ ಮಗುವನ್ನು ಅದೇ ಕರಾವಳಿಯ ಜನ ದೊಡ್ಡ ಮನೆಯವಳು ಅಂತ ಕರೆದರು ಅನ್ನುವುದನ್ನು ನೆನೆದರೆ ನನಗೆ ಈ ಊರಿನ ಮೇಲೆ ಗೌರವ ಹೆಚ್ಚುತ್ತದೆ.

ಅರ್ಥಕ್ಕಿಂತ ಮುಖ್ಯವಾದ ಒಂದು ವಿಷಯ ಇದೆ. ಮಗಳಿಗೆ ಇಡುವ ಹೆಸರು ನಾಳೆಯಿಂದ ನಿನ್ನದೂ ಆಗುತ್ತದೆ. ಇಲ್ಲಿ ಮಕ್ಕಳಿರುವ ಹೆಂಗಸನ್ನು ಅವಳ ಸ್ವಂತ ಹೆಸರಿನಿಂದ ಕರೆಯುವವರು ಕಡಿಮೆ. ಸೊಪ್ಪಿನವಳಿಗೆ, ವಾಚ್‌ಮನ್‌ಗೆ, ಪಕ್ಕದ ಮನೆಯವರಿಗೆ ನೀನು ಮಾಮಾ ನೇಮಾ, ನಿನ್ನ ಗಂಡ ಬಾಬಾ ನೇಮಾ. ಊರಲ್ಲಿ ಮಾಮ ಅಂದರೆ ಸೋದರಮಾವ, ಇಲ್ಲಿ ಅಮ್ಮ. ಮಗು ದೊಡ್ಡದಾದರೂ, ಓದಲು ಬೇರೆ ದೇಶಕ್ಕೆ ಹೋದರೂ ಈ ಹೆಸರು ನಿನ್ನ ಜೊತೆ ಉಳಿಯುತ್ತದೆ.

ನಾನು ಬಂದದ್ದು ತೊಂಬತ್ತರ ದಶಕದ ಕೊನೆಯಲ್ಲಿ. ಆಗ ಕರಿಯಾಕೋ ಮಾರುಕಟ್ಟೆ ಹತ್ತಿರ ಹಳೆಯ ಮನೆಯೊಂದರಲ್ಲಿದ್ದೆವು, ನಾಲ್ಕು ಸಂಸಾರಕ್ಕೆ ಒಂದೇ ಅಂಗಳ. ಮೊದಲ ತಿಂಗಳುಗಳಲ್ಲಿ ನನಗೆ ಹೆಸರೇ ಇರಲಿಲ್ಲ. ಅಂಗಡಿಯಲ್ಲಿ ಮ್ಹಿಂದಿ ಅನ್ನುತ್ತಿದ್ದರು, ಇಂಡಿಯಾದವಳು ಅಂತ. ಇವರ ಆಫೀಸಿನವರಿಗೆ ನಾನು ಇವರ ಹೆಂಡತಿ. ಕನ್ನಡದಲ್ಲಿ ಮಾತಾಡಲು ವಾರಕ್ಕೊಂದು ಫೋನ್, ಅದೂ ನಿಮಿಷ ಲೆಕ್ಕ ಹಾಕಿ.

ಎದುರು ಮನೆಯಲ್ಲಿ ಟಾಂಗಾ ಕಡೆಯ ಒಬ್ಬ ಅಜ್ಜಿ ಇದ್ದರು. ಎಲ್ಲರೂ ಬಿಬಿ ಅನ್ನುತ್ತಿದ್ದರು, ಅಜ್ಜಿ ಅಂತಲೇ ಅರ್ಥ. ನನ್ನ ಬಾಣಂತನ ಮಾಡಿದವರು ಅವರೇ. ಇಲ್ಲಿ ನಲವತ್ತು ದಿನ ಬಾಣಂತಿಯನ್ನು ಹೊರಗೆ ಬಿಡುವುದಿಲ್ಲ, ಅರೋಬೈನಿ ಅನ್ನುತ್ತಾರೆ, ಅದು ನಿನಗೆ ಹೇಳಿಕೊಡಬೇಕಾದ್ದೇನಲ್ಲ. ಬಿಸಿನೀರು ಕಾಯಿಸಿ, ಗಂಜಿ ಮಾಡಿ, ಹೊಟ್ಟೆಗೆ ಬಟ್ಟೆ ಬಿಗಿದು, ನನ್ನ ಅಮ್ಮ ಏನು ಮಾಡುತ್ತಿದ್ದರೋ ಎಲ್ಲ ಮಾಡಿದರು. ಡಾಕ್ಟರ್ ಹೇಳಿದ ದಿನ ದಾಟಿ ತುಂಬಾ ಕಾಯಿಸಿ ಹುಟ್ಟಿದ ಮಗುವಿಗೆ ಅವರು ಸುಬಿರಾ ಅಂತ ಹೆಸರಿಟ್ಟರು. ತಾಳ್ಮೆ ಅಂತ.

ಒಂದು ಜೊತೆ ಕಾಂಗಾ ತಂದರು. ಇಲ್ಲಿನ ಹೆಂಗಸರು ಸುತ್ತಿಕೊಳ್ಳುವ ಬಟ್ಟೆ, ನೀನು ನೋಡಿರುತ್ತೀಯ. ಸುತ್ತಲೂ ಅಗಲ ಅಂಚು, ನಡುವೆ ಚಿತ್ತಾರ, ಕೆಳಗೆ ಒಂದು ಸಾಲು ಬರಹ. ಆ ಬರಹಕ್ಕೆ ಜೀನಾ ಅನ್ನುತ್ತಾರೆ, ಅಂದರೆ ಹೆಸರು. ಬಟ್ಟೆಗೂ ಹೆಸರು ಬೇಕು ಇಲ್ಲಿ. ಬಿಬಿ ತಂದದ್ದರ ಮೇಲೆ "ಸುಬಿರಾ ಯಾವುತಾ ಹೇರಿ" ಅಂತ ಇತ್ತು. ತಾಳ್ಮೆ ಒಳ್ಳೆಯದನ್ನು ಎಳೆದು ತರುತ್ತದೆ ಅನ್ನುವ ಗಾದೆ. ಅರಿಶಿನ ಬಣ್ಣದ ನೆಲ, ಕಪ್ಪು ಅಂಚು. ಹೊಸ ಬಟ್ಟೆ ಗಡುಸು ಅಂತ ಎರಡು ಸಲ ಒಗೆದು ಮೆತ್ತಗೆ ಮಾಡಿ ತಂದಿದ್ದರು. ಅದರಲ್ಲೇ ಮಗುವನ್ನು ಸುತ್ತಿ, ಗಾದೆಯ ಸಾಲು ಹೊರಗೆ ಕಾಣುವ ಹಾಗೆ ಮಡಚಿ, ನನ್ನ ಕೈಗೆ ಕೊಟ್ಟು "ಮಾಮಾ ಸುಬಿರಾ" ಅಂದರು. ಈ ದೇಶದಲ್ಲಿ ನನಗೆ ಸಿಕ್ಕ ಮೊದಲ ಹೆಸರು ಅದು. ಮಾರನೆಯ ವಾರಕ್ಕೆ ಇಡೀ ಓಣಿ ಹಾಗೇ ಕರೆಯಿತು.

ಊರಿಂದ ಬೇರೆ ಹೆಸರು ಬಂತು. ಜೋಯಿಸರು ನೋಡಿ, ಮಾವ ಒಪ್ಪಿ, ಕಾಗದದಲ್ಲಿ ಬರೆದು ಕಳಿಸಿದ್ದು. ಒಳ್ಳೆಯ ಹೆಸರೇ. ಒತ್ತಕ್ಷರ ಎರಡಿದ್ದವು, ಓಣಿಯ ಯಾರ ಬಾಯಿಗೂ ಹೊರಳಲಿಲ್ಲ. ಕಾಗದಪತ್ರದಲ್ಲಿ ಅದೊಂದೇ ಹೋಯಿತು. ಸುಬಿರಾ ಅನ್ನುವುದು ಅಂಗಳದ ಹೆಸರಾಗಿ ಉಳಿಯಿತು. ಮಗಳು ಆ ಹೆಸರಿಗೆ ಓಡಿ ಬರುತ್ತಿದ್ದಳು. ಆಮೇಲೆ ನಾವು ಉಪಾಂಗಾದ ಫ್ಲ್ಯಾಟಿಗೆ ಬಂದೆವು, ಅವಳು ಇಂಗ್ಲಿಷ್ ಶಾಲೆಗೆ ಹೋದಳು, ಬಿಬಿ ಮಗನ ಮನೆಗೆ ಟಾಂಗಾಕ್ಕೆ ಹೋದರು. ಅವರು ತೀರಿಕೊಂಡ ಸುದ್ದಿ ನಮಗೆ ತಲುಪಿದ್ದೇ ತಡವಾಗಿ. ಈಗ ಲಿಫ್ಟಿನಲ್ಲಿ ಸಿಕ್ಕವರು ಮೇಡಂ ಅನ್ನುತ್ತಾರೆ. ಮಾಮಾ ಸುಬಿರಾ ಅಂತ ಕರೆಯುವವರು ಯಾರೂ ಉಳಿದಿಲ್ಲ. ಮಗಳು ಹೊರದೇಶದಲ್ಲಿ ಕೆಲಸದಲ್ಲಿದ್ದಾಳೆ, ಅವಳ ಯಾವ ದಾಖಲೆಯಲ್ಲೂ ಆ ಹೆಸರಿಲ್ಲ. ನನಗೆ ಇದು ಈಗಲೂ ನೋವು. ಹಿರಿಯರ ಮಾತು ಮೀರಬೇಕಿತ್ತು ಅಂತಲ್ಲ. ಎರಡಕ್ಕೂ ಜಾಗ ಇತ್ತು.

ನಿನಗೆ ಆ ಜಾಗ ಎಲ್ಲಿದೆ ಅಂತ ಹೇಳುತ್ತೇನೆ. ಇಲ್ಲಿನ ಫಾರಂಗಳಲ್ಲಿ ಮೂರು ಹೆಸರು ಕೇಳುತ್ತಾರೆ. ತನ್ನದು, ಅಪ್ಪನದು, ಅಜ್ಜನದು ಅಥವಾ ಮನೆತನದ್ದು. ಅಧ್ಯಕ್ಷೆ ಸಮಿಯಾ ಸುಲುಹು ಹಸನ್ ಹೆಸರನ್ನೇ ನೋಡು, ಸುಲುಹು ಅವರ ತಂದೆಯ ಹೆಸರು. ಮದುವೆಯಾದರೂ ಅದು ಹಾಗೇ ಇದೆ. ನಮ್ಮ ಇನಿಷಿಯಲ್ ಪದ್ಧತಿಯನ್ನೇ ಬಿಡಿಸಿ ಬರೆದ ಹಾಗೆ. ಮೊದಲ ಕಾಲಂನಲ್ಲಿ ನೇಮಾ ಬರೆಸು, ಜೊತೆಗೆ ಅತ್ತೆ ಆಸೆಪಟ್ಟ ಹೆಸರಿದ್ದರೆ ಅದನ್ನೂ ಅದೇ ಕಾಲಂನಲ್ಲಿ ಸೇರಿಸು. ಆಮೇಲೆ ಅಪ್ಪನ ಹೆಸರು, ಮನೆ ಹೆಸರು.

ಕಾಗುಣಿತ ಎಲ್ಲ ಕಡೆ ಒಂದೇ ಇರಲಿ: ಎನ್, ಎರಡು ಇ, ಎಂ, ಎ. ಉಚ್ಚಾರ ತಿದ್ದುತ್ತೇನೆ ಅಂತ ಒಂದು ಇ ಕಿತ್ತು ಹಾಕಬೇಡ, ಸ್ವಾಹಿಲಿ ಓದುವವರಿಗೆ ಹೆಸರೇ ಬೇರೆ ಅನ್ನಿಸುತ್ತದೆ. ಊರಿನ ನಾಮಕರಣದ ಆಮಂತ್ರಣದಲ್ಲಿ ಕನ್ನಡದಲ್ಲಿ ನೇಮಾ ಅಂತಲೇ ಅಚ್ಚು ಹಾಕಿಸು, ಆಗ ಅಲ್ಲಿಯವರೂ ಸರಿಯಾಗಿ ಕರೆಯುತ್ತಾರೆ. ಇಲ್ಲಿನ ಜನನ ಪ್ರಮಾಣಪತ್ರ ಕೊಡುವುದು ರೀಟಾ ಅನ್ನುವ ಸರ್ಕಾರಿ ಸಂಸ್ಥೆ. ಅದು ಕೈಗೆ ಬಂದ ಮೇಲೆ ಸುಮ್ನೆ ಕೂರಬೇಡ. ಮಗುವಿನ ಜನನವನ್ನು ಒಂದು ವರ್ಷದೊಳಗೆ ಭಾರತದ ಹೈಕಮಿಷನ್‌ನಲ್ಲಿ ನೋಂದಾಯಿಸಬೇಕು, ಮಗುವಿಗೆ ಬೇರೆ ದೇಶದ ಪಾಸ್‌ಪೋರ್ಟ್ ಇಲ್ಲ ಅಂತ ನೀವಿಬ್ಬರೂ ಬರೆದುಕೊಡಬೇಕು. ವರ್ಷ ದಾಟಿದರೆ ಕೇಂದ್ರ ಸರ್ಕಾರದ ಅನುಮತಿ ಬೇಕಾಗುತ್ತದೆ, ಆ ಓಡಾಟ ನಿನಗೆ ಬೇಡ.

ಆ ನರ್ಸ್‌ಗೆ ಒಂದು ಫೋನ್ ಮಾಡಿ ಹೆಸರು ಇಟ್ಟೆವು ಅಂತ ತಿಳಿಸು. ನಿನ್ನ ನಲವತ್ತು ದಿನ ಮುಗಿದ ಮೇಲೆ ಒಂದು ಭಾನುವಾರ ಮಗುವನ್ನು ಕರೆದುಕೊಂಡು ನಮ್ಮ ಮನೆಗೆ ಬಾ. ನೀರುದೋಸೆ ಮಾಡುತ್ತೇನೆ. ಕಾಂಗಾ ಕೊಳ್ಳಲು ಆಮೇಲೆ ಒಟ್ಟಿಗೆ ಹೋಗೋಣ, ನೇಮಾ ಅಂತ ಬರೆದಿರುವುದು ಹುಡುಕಿದರೆ ಸಿಗಬಹುದು.